ನಲವತ್ತೊಂದು ಸೆಕೆಂಡು

"ನಲವತ್ತೊಂದು, ಫ್ರೌ ರೆಟ್‌ಮಾಯರ್. ನಲವತ್ತಲ್ಲ, ನಲವತ್ತೆರಡೂ ಅಲ್ಲ," ಎನ್ನುತ್ತ ಫಾಲ್ಕ್ ಟೆರ್ಬೆಕ್ ಸ್ಟಾಪ್‌ವಾಚನ್ನು ಆಲ್ಮುಟ್ ರೆಟ್‌ಮಾಯರಳ ಅಂಗೈಯಲ್ಲಿಟ್ಟು, ಅವಳ ಬೆರಳುಗಳನ್ನು ತಾನೇ ಒಂದೊಂದಾಗಿ ಮಡಿಸಿದ. ಎಂಬತ್ತು ವರ್ಷದ ಕೈ, ಎಲ್ಲಿ ಬೀಳಿಸಿಬಿಡುತ್ತಾಳೋ ಎಂಬ ಭಯ ಅವನಿಗೆ.

"ಇದಕ್ಕೆ ಕೀಲಿ ಕೊಟ್ಟಿದ್ದೀರಾ?"

"ಏನು ಕೊಡ್ಬೇಕು?"

"ಕೀಲಿ. ತಲೆ ತಿರುಗಿಸ್ಬೇಕು. ನಿಮ್ಮ ತಲೆ ಅಲ್ಲ, ಇದರ ತಲೆ."

ಟೆರ್ಬೆಕ್ ನಕ್ಕ. ಗ್ರೋನ್‌ಹೂಡೆ ನಗರ ರಂಗಮಂದಿರದ ಮುಖ್ಯಸ್ಥ ಸ್ಮಶಾನದ ಮೆಟ್ಟಿಲ ಮೇಲೆ ನಿಂತು ಎಷ್ಟು ನಗಬಹುದೋ ಅಷ್ಟೇ ನಕ್ಕ. ಒಳಗೆ ಸಭಾಂಗಣದಲ್ಲಿ ಗೆಸೀನೆ ಆಲ್ಡೆನ್‌ಹೋಫ್ ಪೆಟ್ಟಿಗೆಯಲ್ಲಿ ಮಲಗಿದ್ದಳು, ಮುಚ್ಚಳ ಹಾಕಿಯಾಗಿತ್ತು. ಐವತ್ತೈದು ವರ್ಷ ಊರಿನ ರಂಗದ ಮೇಲೂ ದೇಶದ ತೆರೆಯ ಮೇಲೂ ಮೆರೆದ ನಟಿಯನ್ನು ಬೀಳ್ಕೊಡಲು ಫೆಬ್ರವರಿಯ ಈ ಚಳಿಯಲ್ಲೂ ಇನ್ನೂರು ಜನ ಬಂದಿದ್ದರು.

"ಪೆಟ್ಟಿಗೆ ಗುಂಡಿಯ ತಳ ಮುಟ್ಟಿದ ಕೂಡ್ಲೇ ನೀವು ಒತ್ತಿ," ಟೆರ್ಬೆಕ್ ಮತ್ತೆ ಪಾಠ ಹೇಳಿದ. "ಸಂಗೀತ ಇಲ್ಲ, ಪ್ರಾರ್ಥನೆ ಇಲ್ಲ. ಬರೀ ಅವರ ಮೌನ. ಆ ನಾಟಕದಲ್ಲಿ ಇತ್ತಲ್ಲ, ಅದೇ. ನಲವತ್ತೊಂದಕ್ಕೆ ಬಲಗೈ ಎತ್ತಿ. ನೀವು ಎತ್ತೋವರೆಗೂ ಒಬ್ರೂ ಅಲ್ಲಾಡಲ್ಲ. ಎಲ್ಲರಿಗೂ ಹೇಳಿಟ್ಟಿದ್ದೀನಿ, ಟಿವಿಯವರಿಗೂ. ಅವತ್ತು ಲೆಕ್ಕ ಹಿಡಿದೋರೇ ಇವತ್ತೂ ಹಿಡಿಯೋದು! ಇದಕ್ಕಿಂತ ಚೆಂದ ಏನಿದೆ?"

"ಚೆಂದವೇ," ಎಂದಳು ಆಲ್ಮುಟ್, ತಾನೇ ಅದಕ್ಕೆ ಕೀಲಿ ಕೊಡುತ್ತ.

ಸ್ಟಾಪ್‌ವಾಚ್ ಅವಳದ್ದೇ. ಹದಿನೈದು ವರ್ಷದಿಂದ ರಂಗಮಂದಿರದ ಪಡಸಾಲೆಯ ಗಾಜಿನ ಪೆಟ್ಟಿಗೆಯಲ್ಲಿತ್ತು, ಕೆಳಗೊಂದು ಚೀಟಿ: 'ಆಲ್ಡೆನ್‌ಹೋಫ್ ಅವರ ಸ್ಟಾಪ್‌ವಾಚ್'. ಸರಿಪಡಿಸಿ ಎಂದು ಅವಳು ಕೇಳಲಿಲ್ಲ. ಪ್ರಾಂಪ್ಟರ್ ಆದವಳ ಹೆಸರು ಎಲ್ಲೂ ಇರುವುದಿಲ್ಲ, ಇರಬಾರದು. ರಂಗದ ಮುಂತುದಿಯಲ್ಲಿ, ನೆಲದ ಕೆಳಗಿನ ಗೂಡಿನಲ್ಲಿ ಕೂತು ನಟರಿಗೆ ಮರೆತ ಮಾತನ್ನು ಎತ್ತಿಕೊಡುವ ಕೆಲಸ ಅದು. ಕೆಲಸ ಚೆನ್ನಾಗಿ ನಡೆದರೆ ನೀವು ಅಲ್ಲಿ ಇಲ್ಲ ಎಂದೇ ಅರ್ಥ.

ಆದರೆ ಆಲ್ಮುಟ್ ಇವತ್ತು ಬಂದದ್ದು ಸೆಕೆಂಡು ಎಣಿಸುವುದಕ್ಕಲ್ಲ. ಅವಳ ಬಳಿ ಗೆಸೀನೆಗೆ ಸೇರಬೇಕಾದ ಒಂದು ಮಾತಿತ್ತು. ನಾಲ್ಕೇ ಶಬ್ದ. ಕೊಡಬೇಕಾದ ಹೊತ್ತಿನಲ್ಲಿ ಅದನ್ನು ಬೇಕೆಂದೇ ಕೊಟ್ಟಿರಲಿಲ್ಲ, ಆಮೇಲೆ ಕೇಳಿದಾಗಲೂ ಕೊಟ್ಟಿರಲಿಲ್ಲ. ಇವತ್ತು ಮಣ್ಣು ಬೀಳುವ ಮೊದಲು ಕೊಟ್ಟುಬಿಡಬೇಕು. ಇಲ್ಲದಿದ್ದರೆ ಅದನ್ನು ಹೊತ್ತುಕೊಂಡು ತಾನೂ ಹೋಗಬೇಕಾಗುತ್ತದೆ, ಆ ದಿನವೇನೂ ದೂರವಿಲ್ಲ ಎಂದು ಅವಳಿಗೆ ಗೊತ್ತಿತ್ತು.

*

ಹ್ಯಾನೋವರಿನ ನಾಟಕ ಶಾಲೆಗೆ ಇಬ್ಬರೂ ಸೇರಿದ್ದು ಒಂದೇ ದಿನ, ೧೯೫೯ರಲ್ಲಿ. ಒಬ್ಬ ವಿಧವೆಯ ಮನೆಯ ಅಟ್ಟದ ಕೋಣೆಯಲ್ಲಿ ಒಂದೇ ಬಾಡಿಗೆ, ಒಂದೇ ಒಲೆ. ಗೆಸೀನೆಗೆ ಮುಖವಿತ್ತು, ಆಲ್ಮುಟಳಿಗೆ ನೆನಪಿತ್ತು. ಕಾಗದದ ಮೇಲಿನ ಮಾತು ಗೆಸೀನೆಯ ತಲೆಗೆ ಹತ್ತುತ್ತಲೇ ಇರಲಿಲ್ಲ. ಕಿವಿಗೆ ಬಿದ್ದರೆ ಮಾತ್ರ ನಿಲ್ಲುತ್ತಿತ್ತು. ಬೆಳಿಗ್ಗೆ ಟ್ರಾಮಿನಲ್ಲಿ ಆಲ್ಮುಟ್ ಪಿಸುಗುಟ್ಟುವುದು, ಗೆಸೀನೆ ಕಣ್ಣು ಮುಚ್ಚಿ ತುಟಿಯಾಡಿಸುವುದು. ಯಾರೋ ಮುದುಕರು ಇವರನ್ನು ನೋಡಿ, ಪಾಪ, ಜಪ ಮಾಡುತ್ತಿದ್ದಾರೆ ಎಂದುಕೊಂಡು ಎದ್ದು ಜಾಗ ಕೊಟ್ಟದ್ದೂ ಉಂಟು.

ಗ್ರೋನ್‌ಹೂಡೆಯ ರಂಗಮಂದಿರಕ್ಕೂ ಇಬ್ಬರೂ ಜೊತೆಗೇ ಬಂದರು. ಗೆಸೀನೆ ಮೊದಲ ವರ್ಷವೇ ನಾಯಕಿ. ಆಲ್ಮುಟಳದ್ದು ಕೆಲಸದವಳು, ಎರಡನೇ ಸನ್ಯಾಸಿನಿ, ಪಕ್ಕದ ಮನೆಯ ಹೆಂಗಸು. ಎರಡನೇ ವರ್ಷ ಅವಳಿಗೂ ಒಂದು ಪಾತ್ರ ಗೊತ್ತಾಯಿತು, ಕಿರಿಯ ತಂಗಿಯದು. ಇಪ್ಪತ್ತೆರಡು ಮಾತು. ಊರಿಗೆ ಕಾಗದ ಬರೆದು ಅಮ್ಮನಿಗೆ ಟಿಕೆಟ್ಟನ್ನೂ ಕಳಿಸಿದಳು. ಪ್ರದರ್ಶನಕ್ಕೆ ವಾರವಿದೆ ಎನ್ನುವಾಗ ಆಗಿನ ಮುಖ್ಯಸ್ಥ, ಮುದುಕ ಬ್ರಾಂಡಿಸ್, ಕರೆಸಿದ.

"ನಿಮ್ಮ ಮುಖ ಮೂರನೇ ಸಾಲು ದಾಟಲ್ಲ, ಮಿಸ್ ರೆಟ್‌ಮಾಯರ್. ಬೇಜಾರು ಮಾಡ್ಕೋಬೇಡಿ. ನಿಮ್ಮ ಪಿಸುಮಾತು ಮಾತ್ರ ಬಂಗಾರ. ನಮ್ಮ ಪ್ರಾಂಪ್ಟರ್ ಅಜ್ಜಿ ಈ ತಿಂಗಳು ನಿವೃತ್ತಿ. ಖಾಯಂ ನೌಕರಿ, ಪಿಂಚಣಿ ಇದೆ."

ಅವಳು ತನ್ನ ಕೋಣೆಯಲ್ಲಿ ಕೂತು ಅತ್ತಳು. ಗೆಸೀನೆ ಪ್ಲಮ್ ಕೇಕು ತಂದು ಮಂಚದ ತುದಿಯಲ್ಲಿ ಕೂತಳು.

"ಒಪ್ಕೊಳ್ಳೇ. ನೀನು ಕೆಳಗಿದ್ರೆ ನಂಗೆ ಎಷ್ಟು ಧೈರ್ಯ ಗೊತ್ತಾ? ನೀನಿಲ್ದೆ ನಾನು ಯಾರು?"

ಆ ಮಾತು ಕೇಳಿ ಆಲ್ಮುಟ್ ಕಣ್ಣೊರೆಸಿಕೊಂಡಳು. ಅವಳಿಗೆ ಅದು ಪ್ರೀತಿ ಅನಿಸಿತ್ತು.

ಗೂಡಿನೊಳಗೆ ಒಂದು ದೀಪ, ಒಂದು ಮೆತ್ತೆ, ಮೊಣಕಾಲಿಗೆ ಹೊಡೆಯುವ ಥಂಡಿ ಗಾಳಿ. ಕಣ್ಣಿನ ಮಟ್ಟಕ್ಕೆ ನಟರ ಕಾಲುಗಳು. ಹದಿಮೂರು ವರ್ಷ ಅವಳು ಗೆಸೀನೆಯ ಚಪ್ಪಲಿ ನೋಡುತ್ತ ಬದುಕಿದಳು. ಆ ಕೆಲಸದಲ್ಲಿ ಕಲಿಯಬೇಕಾದದ್ದು ಒಂದೇ: ಯಾವುದು ಮರೆವು, ಯಾವುದು ಮೌನ. ಮರೆತವರ ಕಣ್ಣು ಕೆಳಗಿಳಿದು ಗೂಡನ್ನು ಹುಡುಕುತ್ತದೆ. ಬೇಕೆಂದು ಸುಮ್ಮನಿರುವವರ ಕಣ್ಣು ಇಳಿಯುವುದಿಲ್ಲ. ಮರೆತವರಿಗೆ ಒಂದು ಉಸಿರಿನಲ್ಲಿ ಮಾತು ಕೊಡಬೇಕು. ಮೌನದೊಳಗೆ ಬಾಯಿ ಹಾಕಿದರೆ ಮಾತ್ರ ಕ್ಷಮೆಯಿಲ್ಲ, ಪ್ರಾಂಪ್ಟರ್ ಮಾಡಬಾರದ ಪಾಪ ಅದು. ಆಲ್ಮುಟ್ ಒಮ್ಮೆಯೂ ಮಾಡಿರಲಿಲ್ಲ.

*

ಸಭಾಂಗಣದಲ್ಲಿ ಹೂಮಾಲೆಗಳ ರಾಶಿಯೆದುರು ಡೆಟ್ಲೆಫ್ ಕುಂಟ್ಸೆ ತನ್ನ ಗಾಲಿಯ ಊರುಗೋಲಿಗೆ ಒರಗಿ ನಿಂತು ರಿಬ್ಬನ್ನುಗಳನ್ನು ಗಟ್ಟಿಯಾಗಿ ಓದುತ್ತಿದ್ದ. ಎಂಬತ್ತನಾಲ್ಕು ವರ್ಷದ ನಟ, ಪಿಸುಗುಟ್ಟುವುದು ಅವನಿಗೆ ಯಾವ ಕಾಲಕ್ಕೂ ಬಂದಿರಲಿಲ್ಲ.

"'ನಮ್ಮ ಹೆರ್ಟಾ ಅತ್ತೆಗೆ, ಮರೆಯಲಾರದ ಅಭಿಮಾನಿಗಳಿಂದ.' ನೋಡೇ ಆಲ್ಮುಟ್! ಗೆಸೀನೆ ಅಂತ ಒಂದರಲ್ಲೂ ಇಲ್ಲ. ಹತ್ತೊಂಬತ್ತು ವರ್ಷ ಟಿವಿಯಲ್ಲಿ ಸೂಪ್ ಬಡಿಸಿದ್ದಕ್ಕೆ ಇದು. ಸತ್ತಿದ್ದು ಹೋಟೆಲ್ ಅತ್ತೆ, ನಟಿ ಅಲ್ಲ."

"ಮೆಲ್ಲಗೆ ಮಾತಾಡು. ಇಮ್ಕೆ ಇದ್ದಾಳೆ."

"ಇರ್ಲಿ ಬಿಡು. ಅವರಮ್ಮ ಮೆಲ್ಲಗೆ ಮಾತಾಡಿದ್ಲಾ ಎಂದಾದ್ರೂ? ಅಂದಹಾಗೆ, ಆಮೇಲೆ ಬೆಣ್ಣೆ ಕೇಕು ಇದೆಯಂತಾ? ಹೋದ ಸಲ ಸಾವಿನ ಮನೆಯಲ್ಲಿ ಬರೀ ಬಿಸ್ಕತ್ತು ಕೊಟ್ಟು ಕಳಿಸಿದ್ರು."

ಶುಕ್ರವಾರ ಸಂಜೆಯ ಆ ಧಾರಾವಾಹಿಯಲ್ಲಿ ಬೆಟ್ಟದ ಹೋಟೆಲಿನ ಯಜಮಾನಿ ಹೆರ್ಟಾ ಅತ್ತೆ ಎಲ್ಲರಿಗೂ ಬುದ್ಧಿ ಹೇಳುತ್ತಿದ್ದಳು. ಅವಳ ಕಿವಿಯಲ್ಲಿ, ಬಿಳಿ ಕೂದಲಿನ ಮರೆಯಲ್ಲಿ, ಕಡಲೆಯಷ್ಟು ಪುಟ್ಟ ಯಂತ್ರವಿತ್ತು. ಪಕ್ಕದ ಕೋಣೆಯಲ್ಲಿ ಕೂತು ಪ್ರತಿಯೊಂದು ಬುದ್ಧಿಮಾತನ್ನೂ ಆ ಯಂತ್ರಕ್ಕೆ ಪಿಸುಗುಟ್ಟಿದವಳು ಆಲ್ಮುಟ್. ಪಟ್ಟಿಯಲ್ಲಿ ಅವಳನ್ನು 'ಸಹಾಯಕಿ' ಎಂದು ಬರೆದುಕೊಂಡಿದ್ದರು. ಬಿಟ್ಟು ಹೋಗಬಹುದಿತ್ತಲ್ಲ ಎಂದರೆ, ಎಲ್ಲಿಗೆ? ಆ ಹೊತ್ತಿಗೆ ಇಬ್ಬರೂ ಒಬ್ಬರನ್ನೊಬ್ಬರು ಕ್ಷಮಿಸುವುದನ್ನೂ ಬಿಟ್ಟಿದ್ದರು, ಬಿಟ್ಟಿರುವುದನ್ನೂ ಕಲಿತಿರಲಿಲ್ಲ.

ಟೆರ್ಬೆಕ್ ಪೀಠದ ಹಿಂದೆ ನಿಂತು ಭಾಷಣ ಶುರು ಮಾಡಿದ. ೧೯೭೬ರ ಅಕ್ಟೋಬರಿನ ಆ ರಾತ್ರಿ ಅವನಿಗೆ ಎರಡು ವರ್ಷ. ಆದರೆ ಪಕ್ಕದಲ್ಲೇ ಕೂತು ನೋಡಿದವನ ಹಾಗೆ ಹೇಳಿದ. "ಹನ್ನೊಂದು ವರ್ಷ ಜೈಲಿನಲ್ಲಿದ್ದ ಗಂಡ ಬಾಗಿಲಲ್ಲಿ ನಿಂತು ಕೇಳುತ್ತಾನೆ, ಬರಲಾ ಎಂದು. ನಾಟಕಕಾರ ಅಲ್ಲೊಂದು ಉತ್ತರ ಬರೆದಿದ್ದ. ಗೆಸೀನೆ ಆಲ್ಡೆನ್‌ಹೋಫ್ ಆ ಉತ್ತರವನ್ನು ಹೇಳಲು ಒಪ್ಪಲಿಲ್ಲ. ಸ್ನೇಹಿತರೇ, ಅವರು ಆ ಮಾತನ್ನು ಮರೆಯಲಿಲ್ಲ, ನಿರಾಕರಿಸಿದರು! ನಲವತ್ತೊಂದು ಸೆಕೆಂಡು ಸುಮ್ಮನೆ ನಿಂತರು. ಆಮೇಲೆ ಎರಡನೇ ತಟ್ಟೆ ತಂದು ಮೇಜಿನ ಮೇಲಿಟ್ಟರು. ನಮ್ಮ ರಂಗಭೂಮಿ ಅವತ್ತು ದೊಡ್ಡದಾಯಿತು."

ಜನ ತಲೆದೂಗಿದರು. ಹೆರ್ಟಾ ಅತ್ತೆಯ ಅಭಿಮಾನಿಗಳಲ್ಲಿ ಒಬ್ಬಾಕೆ ಮೂಗು ಒರೆಸಿಕೊಂಡಳು.

ಭಾಷಣ ಮುಗಿದು, ಹೊರುವವರು ತಮ್ಮ ಕಪ್ಪು ಟೋಪಿ ಸರಿಪಡಿಸಿಕೊಳ್ಳುವಷ್ಟರಲ್ಲಿ ಆಲ್ಮುಟ್ ಎದ್ದು ಪೆಟ್ಟಿಗೆಯ ತಲೆದೆಸೆಗೆ ನಡೆದಳು. ಈಗಲೇ ಹೇಳಿಬಿಡೋಣ, ಹತ್ತಿರ ಯಾರೂ ಇಲ್ಲ. ಮರದ ಮೇಲೆ ಕೈಯೂರಿ ಬಾಗಿದಳು, ಉಸಿರು ಎಳೆದುಕೊಂಡಳು.

"ಆಲ್ಮುಟ್ ಚಿಕ್ಕಮ್ಮ!" ಇಮ್ಕೆ ಹಿಂದಿನಿಂದ ಬಂದು ಭುಜ ತಬ್ಬಿಕೊಂಡಳು. ಗೆಸೀನೆಯ ಒಬ್ಬಳೇ ಮಗಳು, ಹಲ್ಲಿನ ಡಾಕ್ಟರು. ಅಮ್ಮ ರಂಗದ ಮೇಲಿದ್ದಾಗಲೆಲ್ಲ ಅವಳು ಬೆಳೆದದ್ದು ಆ ಗೂಡಿನಲ್ಲಿ, ಆಲ್ಮುಟಳ ಮಡಿಲಲ್ಲಿ. "ಅಳಬೇಡಿ ಚಿಕ್ಕಮ್ಮ. ಅವಳು ನಿಮ್ಮ ಬಗ್ಗೆ ಯಾವಾಗ್ಲೂ ಏನು ಹೇಳ್ತಿದ್ಲು ನೆನಪಿದೆಯಾ? ಆಲ್ಮುಟ್ ಒಬ್ಬಳೇ ನನ್ನ ಜೀವನದಲ್ಲಿ ಕೈ ಕೊಡದೆ ಇದ್ದೋಳು ಅಂತ."

"ಹೌದು, ಹೇಳ್ತಿದ್ಲು."

"ಪ್ರತಿ ಹುಟ್ಟುಹಬ್ಬಕ್ಕೂ. ಎಲ್ಲರೆದುರಿಗೆ."

ಆಲ್ಮುಟ್ ಮರದ ಮೇಲಿನ ಕೈ ತೆಗೆದಳು. ಹುಟ್ಟುಹಬ್ಬದ ಮೇಜಿನ ಮುಂದೆ, ಎಲ್ಲರೆದುರಿಗೆ, ಇವಳ ಕಣ್ಣನ್ನೇ ನೋಡಿಕೊಂಡು ಗೆಸೀನೆ ಆ ಮಾತನ್ನು ಎಷ್ಟು ಸವಿಯುತ್ತ ಹೇಳಿದ್ದಳು ಎಂಬುದು ಇಮ್ಕೆಗೆ ಹೇಗೆ ಗೊತ್ತಿರಬೇಕು?

*

ಆ ಅಕ್ಟೋಬರಿನ ಮಧ್ಯಾಹ್ನ ರಂಗಮಂದಿರದ ಕ್ಯಾಂಟೀನಿನಲ್ಲಿ ಬೇಳೆ ಸೂಪು. ಎದುರಿಗೆ ಡೆಟ್ಲೆಫ್, ಗಂಡನ ಪಾತ್ರದವನು. ಮೊದಲ ಪ್ರದರ್ಶನದ ಅಂಜಿಕೆಗೆ ಎರಡು ಬಿಯರ್ ಏರಿಸಿ ನಾಲಗೆ ಸಡಿಲವಾಗಿತ್ತು.

"ನೀನಿಲ್ಲಿರೋದೇ ಅವಳ ಪುಣ್ಯ ಕಣೇ. ಬ್ರಾಂಡಿಸ್ ಒಂದ್ಸಲ ಕುಡಿದಾಗ ಹೇಳಿದ್ದ. ನಿನ್ನ ಮುಖಕ್ಕೇನೂ ಆಗಿರ್ಲಿಲ್ವಂತೆ. ಗೆಸೀನೆನೇ ಹೋಗಿ ಕೂತಳಂತೆ ಅವನ ಕೋಣೆಯಲ್ಲಿ, ಆಲ್ಮುಟನ್ನ ಗೂಡಿಗೆ ಹಾಕಿ, ಇಲ್ದಿದ್ರೆ ನಾನು ದೊಡ್ಡ ಪಾತ್ರ ಮಾಡಲ್ಲ ಅಂತ. ಅಷ್ಟು ನಂಬಿಕೆ ಅವಳಿಗೆ ನಿನ್ನ ಮೇಲೆ!"

ಅವನು ಹೊಗಳಿಕೆ ಎಂದುಕೊಂಡೇ ಹೇಳಿದ್ದ. ಆಲ್ಮುಟ್ ಸೂಪಿನ ಬಟ್ಟಲನ್ನು ಕೊಂಡುಹೋಗಿ ಕಿಟಕಿಯಲ್ಲಿ ಕೊಟ್ಟು ಬಂದಳು. ಅರ್ಧ ಹಾಗೇ ಉಳಿದಿತ್ತು. ಅಮ್ಮನಿಗೆ ಕಳಿಸಿದ್ದ ಟಿಕೆಟ್ಟು ನೆನಪಾಯಿತು. ಅಮ್ಮ ಆ ಪ್ರದರ್ಶನಕ್ಕೆ ಬಂದಿದ್ದಳು, ಮೂರನೇ ಸಾಲಿನಲ್ಲಿ ಕೂತು ಕೊನೆಯವರೆಗೂ ಮಗಳನ್ನು ಹುಡುಕಿದ್ದಳು.

ರಾತ್ರಿ ಎರಡನೇ ಅಂಕ. ಉಪ್ಪಿನ ಗಣಿಯ ಊರು, ಒಲೆ ಪಕ್ಕದಲ್ಲಿ ಗೆಸೀನೆ. ಬಾಗಿಲು ತೆರೆಯಿತು, ಒದ್ದೆ ಕೋಟಿನಲ್ಲಿ ಡೆಟ್ಲೆಫ್. "ನಾನು. ಬರಲಾ?"

ಗೆಸೀನೆಯ ಕಣ್ಣು ಕೆಳಗಿಳಿಯಿತು.

ಆಲ್ಮುಟಳ ಬೆರಳು ಆ ಸಾಲಿನ ಕೆಳಗೇ ಇತ್ತು. ಉಸಿರು ಎಳೆದುಕೊಂಡಳು. ಬಾಯಿ ತೆರೆದಳು. ಆಮೇಲೆ, ಗೆಸೀನೆಗೆ ಕಾಣುವ ಹಾಗೆ, ಮುಚ್ಚಿದಳು.

ಮೂರು ಸೆಕೆಂಡು ಸಾಕು, ಒಮ್ಮೆ ಬರಿಗೈಯಲ್ಲಿ ನಿಂತು ನೋಡಲಿ ಎಂದುಕೊಂಡಿದ್ದಳು. ಮೂರು ಐದಾಯಿತು, ಹತ್ತಾಯಿತು. ಗೆಸೀನೆಯ ಕಣ್ಣು ಮೊದಲು ಕೇಳಿತು, ಆಮೇಲೆ ಬೇಡಿತು. ಬೇಡುವುದನ್ನು ನೋಡಿ ಆಲ್ಮುಟಳಿಗೆ ಸಂತೋಷವಾಯಿತು. ಅದನ್ನು ಬೇರೆ ಯಾವ ಹೆಸರಿನಿಂದ ಕರೆದರೂ ಸುಳ್ಳು. ಹದಿಮೂರು ವರ್ಷ ಕಾಲು ಮಾತ್ರ ತೋರಿಸಿದವಳು ಇವತ್ತು ಮುಖ ತೋರಿಸುತ್ತಿದ್ದಾಳೆ ಎಂದು ಅವಳು ಪುಸ್ತಕದ ಮೇಲೆ ಕೈಯಿಟ್ಟು ಕೂತೇ ಇದ್ದಳು. ಸಭೆಯಲ್ಲಿ ಒಂದು ಕೆಮ್ಮೂ ಇಲ್ಲ. ಕೊನೆಗೆ ಗೆಸೀನೆ ನೋಟ ಕಿತ್ತುಕೊಂಡಳು. ಗೋಡೆಯ ಗೂಟದ ಹಲಗೆಯಿಂದ ಎರಡನೇ ತಟ್ಟೆ ತೆಗೆದು ಮೇಜಿನ ಮೇಲಿಟ್ಟಳು. ಡೆಟ್ಲೆಫ್ ಒಳಗೆ ಬಂದ. ಜನ ಎದ್ದು ನಿಂತರು.

ಇಪ್ಪತ್ತಾರು ಸಲ ಪರದೆ ಎತ್ತಬೇಕಾಯಿತು. ದೀಪ ಆರಿದ ಮೇಲೆ ಗೆಸೀನೆ ಗೂಡಿನೆದುರು ಕುಕ್ಕರಗಾಲಲ್ಲಿ ಕೂತಳು. ಮುಖಕ್ಕೆ ಮುಖ.

"ನಾಳೆಯಿಂದ ಇದೇ. ಒಂದು ಸ್ಟಾಪ್‌ವಾಚ್ ತಗೊಂಡು ಬಾ."

ಅಷ್ಟೇ ಹೇಳಿದ್ದು. ರೇಡಿಯೋದವರ ಧ್ವನಿಸುರುಳಿಯಲ್ಲಿ ಮೌನ ನಲವತ್ತೊಂದು ಸೆಕೆಂಡು ಇತ್ತು. ಬ್ರಾಂಡಿಸ್ ಮರುದಿನವೇ ಆ ನಾಲ್ಕು ಶಬ್ದಕ್ಕೆ ಕಪ್ಪು ಮಸಿಯ ಗೆರೆ ಎಳೆದ. ಮ್ಯೂನಿಕ್ಕಿನಿಂದ ಸಿನಿಮಾದವರು ಬಂದರು, ಪತ್ರಿಕೆಯವರು ಬಂದರು. ನೂರ ಹನ್ನೆರಡು ಪ್ರದರ್ಶನ. ನೂರ ಹನ್ನೆರಡು ರಾತ್ರಿಯೂ ಗೆಸೀನೆ ಬಾಗಿಲಲ್ಲಿ ನಿಂತ ಗಂಡನನ್ನು ಬಿಟ್ಟು ನೇರ ಗೂಡಿನೊಳಗೆ ನೋಡಿದಳು. ತನ್ನ ಅಂತರಂಗವನ್ನೇ ಇಣುಕಿ ನೋಡುವ ನೋಟ ಎಂದು ವಿಮರ್ಶಕರು ಬರೆದರು. ಆಲ್ಮುಟ್ ಸ್ಟಾಪ್‌ವಾಚ್ ಹಿಡಿದುಕೊಂಡು ಆ ನೋಟದ ಕೆಳಗೆ ಕೂತಿರುತ್ತಿದ್ದಳು. ನಲವತ್ತೊಂದಕ್ಕೆ ಬಲಗೈ ಎತ್ತುತ್ತಿದ್ದಳು, ಆಗ ತಟ್ಟೆ ಮೇಜಿಗೆ ಬರುತ್ತಿತ್ತು.

*

ಸ್ಮಶಾನದ ದಾರಿಯಲ್ಲಿ ಜಲ್ಲಿ. ಡೆಟ್ಲೆಫ್‌ನ ಗಾಲಿ ಎರಡು ಹೆಜ್ಜೆಗೊಮ್ಮೆ ಸಿಕ್ಕಿಕೊಳ್ಳುತ್ತಿತ್ತು. ಆಲ್ಮುಟ್ ಒಂದು ಕಡೆ ಹಿಡಿದು ನೂಕಿದಳು. ಮುಂದೆ ಪೆಟ್ಟಿಗೆ, ಅದರ ಪಕ್ಕದಲ್ಲಿ ಹಿಮ್ಮುಖವಾಗಿ ನಡೆಯುತ್ತಿದ್ದ ಕ್ಯಾಮೆರಾದವನು. ಹಿಮ ಸಣ್ಣಗೆ ಉದುರಲು ಶುರುವಾಗಿತ್ತು.

"ನಲವತ್ತೊಂದು ಸೆಕೆಂಡು ಬಾಗಿಲಲ್ಲಿ ನಿಂತೋನು ನಾನು," ಡೆಟ್ಲೆಫ್ ಗೊಣಗಿದ. "ಒದ್ದೆ ಕೋಟು ಹಾಕ್ಕೊಂಡು, ಗಾಳಿ ಬೀಸೋ ಕಡೆ. ಅವಳಿಗೇನು, ಒಲೆ ಪಕ್ಕ ಇದ್ಲು. ನನ್ನ ಬಗ್ಗೆ ಯಾವನಾದ್ರೂ ಒಂದು ಸಾಲು ಬರೆದ್ನಾ?"

"ಡೆಟ್ಲೆಫ್, ಅವತ್ತು ಅವಳು ಮಾತು ಮರೆತಿದ್ಲು."

"ಯಾರು?"

"ಗೆಸೀನೆ. ಮರೆತು ನಿಂತಿದ್ಲು. ನಾನು ಎತ್ತಿಕೊಡ್ಲಿಲ್ಲ. ಬೇಕಂತಲೇ ಕೊಡ್ಲಿಲ್ಲ."

ಡೆಟ್ಲೆಫ್ ನಿಂತ. ಅವಳ ಮುಖ ನೋಡಿದ. ಆಮೇಲೆ ಅವಳ ಕೈ ಮೇಲೆ ಮೆಲ್ಲಗೆ ತಟ್ಟಿದ, ಹುಷಾರಿಲ್ಲದ ಮಗುವಿಗೆ ತಟ್ಟುವ ಹಾಗೆ.

"ಹೋಗ್ಲಿ ಬಿಡೇ. ಅವಳು ಹೋದ್ಲು, ಇನ್ನೂ ಯಾಕೆ ಹೊಟ್ಟೆಕಿಚ್ಚು? ನಾನು ಎದುರಿಗೇ ನಿಂತಿದ್ದೆ. ಮರೆತಿದ್ರೆ ನಂಗೆ ಗೊತ್ತಾಗ್ತಿರ್ಲಿಲ್ವಾ? ನಟ ಕಣೇ ನಾನು."

"ಸರಿ," ಎಂದಳು ಆಲ್ಮುಟ್. "ಗಾಲಿ ಎತ್ತು, ಕಲ್ಲಿದೆ."

ನಲವತ್ತೆರಡು ವರ್ಷ ಬಚ್ಚಿಟ್ಟ ಗುಟ್ಟು. ಹೇಳಿದ ಮೇಲೂ ಅದಕ್ಕೆ ಏನೂ ಆಗಲಿಲ್ಲ. ಹೇಳಿದರೆ ನಂಬುವ ಒಬ್ಬಳೇ ಒಬ್ಬಳು ಮುಂದೆ ಪೆಟ್ಟಿಗೆಯಲ್ಲಿ ಹೋಗುತ್ತಿದ್ದಳು, ಅವಳಿಗೆ ಅದು ಮೊದಲೇ ಗೊತ್ತಿತ್ತು.

*

ಸಾಯುವ ಹನ್ನೊಂದು ದಿನ ಮೊದಲು ಗೆಸೀನೆ ಅವಳನ್ನು ವೃದ್ಧಾಶ್ರಮಕ್ಕೆ ಕರೆಸಿಕೊಂಡಿದ್ದಳು. ಕಿಟಕಿಯಾಚೆ ವೇಸರ್ ನದಿ, ಒಳಗೆ ಆಮ್ಲಜನಕದ ಕೊಳವೆ. ನರ್ಸು ಹೆರ್ಟಾ ಅತ್ತೆಯ ಪಟಕ್ಕೆ ಸಹಿ ಹಾಕಿಸಿಕೊಂಡು ಹೋದ ಮೇಲೆ ಗೆಸೀನೆ ಬಾಗಿಲು ಮುಚ್ಚಲು ಸನ್ನೆ ಮಾಡಿದಳು.

"ನೀನು ಬೇಕಂತಲೇ ಮಾಡಿದ್ದು."

ಏನು ಎಂದು ಆಲ್ಮುಟ್ ಕೇಳಲಿಲ್ಲ. "ಯಾವಾಗ ಗೊತ್ತಾಯ್ತು?"

"ಮೂರನೇ ಸೆಕೆಂಡಿಗೆ. ನೀನು ಬಾಯಿ ಮುಚ್ಚಿದ್ದು ಕಂಡೆನಲ್ಲ. ಅದಾದ ಮೇಲೆ ಮೂವತ್ತೆಂಟು ಸೆಕೆಂಡು ನಾನು ಏನು ಮಾಡಿದೆ ಅನ್ಕೊಂಡೆ? ನಿನ್ನನ್ನ ಶಪಿಸ್ತಾ ಇದ್ದೆ."

"ಮತ್ತೆ ಯಾರಿಗೂ ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ಆ ಮೌನ ನಿಂದಾಗ್ತಿತ್ತಲ್ಲೇ." ಗೆಸೀನೆ ನಕ್ಕಳು, ನಗು ಕೆಮ್ಮಾಯಿತು. ಆಲ್ಮುಟ್ ನೀರಿನ ಲೋಟವನ್ನು ಅವಳ ತುಟಿಗೆ ಹಿಡಿದಳು.

"ನನ್ನನ್ನ ಆ ಗೂಡಿಗೆ ಹಾಕಿಸಿದ್ದು ನೀನು."

"ಹೌದು. ನಂಗೆ ಬೇಕಿತ್ತು ನೀನು." ತಪ್ಪೆಂದೂ ಹೇಳಲಿಲ್ಲ, ಸರಿಯೆಂದೂ ಹೇಳಲಿಲ್ಲ. ಮೂಗಿನ ಕೊಳವೆ ಸರಿಮಾಡಿಕೊಂಡು ಕೇಳಿದಳು: "ಆ ಮಾತು ಏನಿತ್ತು, ಆಲ್ಮುಟ್? ಅವನು ಬರಲಾ ಅಂತಾನೆ. ನಾನು ಏನನ್ಬೇಕಿತ್ತು? ಈಗೀಗ ಕಣ್ಣು ಮುಚ್ಚಿದ್ರೆ ಅಲ್ಲೇ ನಿಂತಿರ್ತೀನಿ, ಒಲೆ ಪಕ್ಕ. ಮಾತೇ ಬರಲ್ಲ."

"ಪುಸ್ತಕ ತರಿಸಿ ನೋಡ್ಬಹುದಿತ್ತು."

"ಪುಸ್ತಕದಿಂದ ನಂಗೆ ಎಂದಾದ್ರೂ ಮಾತು ಹತ್ತಿದೆಯಾ? ನೀನು ಕೊಡು." ಆಮೇಲೆ ತಡವಾಯಿತೆನ್ನುವ ಸಿಡುಕಿನಲ್ಲಿ, ಅರವತ್ತು ವರ್ಷದ ಅಭ್ಯಾಸದಲ್ಲಿ, ಬೆರಳು ಚಿಟಿಕೆ ಹೊಡೆದಳು. "ಕೊಡೇ. ಅದೇ ತಾನೆ ನಿನ್ನ ಕೆಲಸ?"

ಆ ಚಿಟಿಕೆ ಇಲ್ಲದಿದ್ದರೆ ಕೊಟ್ಟುಬಿಡುತ್ತಿದ್ದಳೇನೋ. ಮಾತು ನಾಲಗೆಯ ತುದಿಗೇ ಬಂದಿತ್ತು.

"ನಂಗೂ ಮರೆತುಹೋಗಿದೆ," ಎಂದಳು ಆಲ್ಮುಟ್, ಎದ್ದು ಕೋಟು ಹಾಕಿಕೊಂಡಳು. ಬಾಗಿಲಲ್ಲಿ ತಿರುಗಿ ನೋಡಿದಾಗ ಗೆಸೀನೆ ಅವಳನ್ನೇ ನೋಡುತ್ತಿದ್ದಳು. ಮೊದಲು ಕೇಳುವ ಕಣ್ಣು, ಆಮೇಲೆ ಬೇಡುವ ಕಣ್ಣು. ಈ ಸಲ ಆಲ್ಮುಟಳಿಗೆ ಸಂತೋಷವಾಗಲಿಲ್ಲ. ಆದರೂ ಬಾಗಿಲು ಎಳೆದುಕೊಂಡು ಬಂದಳು.

*

ಹಗ್ಗ ಸರಿಯಿತು. ಪೆಟ್ಟಿಗೆ ಕೆಳಗೆ ಮುಟ್ಟಿದ ಸದ್ದು ಕೇಳಿತು. ಟೆರ್ಬೆಕ್ ಅವಳತ್ತ ತಲೆಯಾಡಿಸಿದ, ಆಲ್ಮುಟ್ ಸ್ಟಾಪ್‌ವಾಚ್ ಒತ್ತಿದಳು.

ಇನ್ನೂರು ಜನ ಒಮ್ಮೆಲೇ ಸುಮ್ಮನಾದರು. ಗಂಡಸರು ಟೋಪಿ ಕಳಚಿದ್ದರು. ಗುಂಡಿಯ ಪಕ್ಕದಲ್ಲಿ ಮಣ್ಣಿನ ಗುಡ್ಡೆ, ಅದರಲ್ಲಿ ನೆಟ್ಟ ಪುಟ್ಟ ಸಲಿಕೆ. ಮೌನ ಮುಗಿದರೆ ಮೊದಲು ಇಮ್ಕೆ, ಆಮೇಲೆ ಮೇಯರು, ಆಮೇಲೆ ಎಲ್ಲರೂ ಮೂರು ಮೂರು ಸಲ ಮಣ್ಣು ಹಾಕುತ್ತಾರೆ. ತನ್ನ ಸರದಿ ಬರುವಷ್ಟರಲ್ಲಿ ಮುಚ್ಚಳ ಕಾಣುವುದಿಲ್ಲ.

ಹತ್ತು ಸೆಕೆಂಡು. ಹದಿನೈದು. ಮೇಲೆ ನಿಂತಿರುವವಳು ಈಗ ತಾನು, ಕೆಳಗಿನ ಗೂಡಿನಲ್ಲಿ ಗೆಸೀನೆ. ಕೆಳಗೆ ಅವಳು ಇನ್ನೂ ಒಲೆ ಪಕ್ಕ ಮಾತಿಲ್ಲದೆ ನಿಂತೇ ಇದ್ದಾಳೆ ಎಂದು ಆಲ್ಮುಟಳಿಗೆ ಅನಿಸಿತು. ತಡೆಯಲಾಗಲಿಲ್ಲ. ಅಂಚಿಗೆ ಬಂದು ಬಾಗಿದಳು. ಒಂದು ಉಸಿರು. ಅರ್ಧ ಶತಮಾನ ಪಳಗಿದ ಪಿಸುಮಾತು, ಬೇಕಾದವರಿಗೆ ಮಾತ್ರ ಮುಟ್ಟಬೇಕಾದದ್ದು, ಆ ನಿಶ್ಶಬ್ದದಲ್ಲಿ ಕೊನೆಯ ಸಾಲಿನವರೆಗೂ ಹೋಯಿತು.

"ಒಳ್ಗೆ ಬಾ. ಹೊರ್ಗೆ ಚಳಿ."

"ಶ್!" ಎಂದಿತು ಹಿಂದಿನಿಂದ ಒಂದು ದನಿ. "ಶ್, ಶ್!" ಎಂದವು ಇನ್ನೆರಡು. ಹೆರ್ಟಾ ಅತ್ತೆಯ ಅಭಿಮಾನಿ ಹೆಂಗಸು ಕೆಂಡದಂಥ ಕಣ್ಣು ಬಿಟ್ಟಳು. ಇಮ್ಕೆ ಬಂದು ತೋಳು ಹಿಡಿದು ಹಿಂದಕ್ಕೆ ಎಳೆದಳು. "ಚಿಕ್ಕಮ್ಮ, ಮಾತಾಡಬಾರ್ದು ಈಗ. ಮೌನ ನಡೀತಿದೆ. ನಿಮಗೇ ಗೊತ್ತಿರ್ಬೇಕಲ್ವಾ?"

"ಇದೇ ಕಣೇ ಆ ಮಾತು," ಆಲ್ಮುಟ್ ಅಂದಳು. "ಅವಳು ಕೇಳಿದ್ಲು."

"ಆಯ್ತು, ಆಯ್ತು. ಚಳಿ ಆಗ್ತಿದ್ರೆ ಸ್ವಲ್ಪ ತಡ್ಕೊಳ್ಳಿ. ಮುಗಿದ ತಕ್ಷಣ ಒಳಗೆ ಹೋಗೋಣ."

ಕ್ಯಾಮೆರಾದವನು ಕಿವಿಯ ಯಂತ್ರ ಕಳಚಿ ಟೆರ್ಬೆಕ್‌ನತ್ತ ತಲೆ ಅಲ್ಲಾಡಿಸಿದ. ಟೆರ್ಬೆಕ್ ಜಲ್ಲಿಯ ಮೇಲೆ ಸದ್ದಾಗದಂತೆ ನಡೆದು ಬಂದು ಆಲ್ಮುಟಳ ಕಿವಿಗೆ ಬಾಗಿದ.

"ಪರ್ವಾಗಿಲ್ಲ, ಫ್ರೌ ರೆಟ್‌ಮಾಯರ್. ವಯಸ್ಸು, ಆಗುತ್ತೆ. ನಿಮ್ಮ ಮಾತನ್ನ ಅವರು ತೆಗೆದುಹಾಕ್ತಾರೆ. ಇನ್ನೊಂದ್ಸಲ ತಗೊಳ್ಳೋಣ, ಮೊದಲಿಂದ." ಆಮೇಲೆ ಜನರತ್ತ ತಿರುಗಿ ಗಟ್ಟಿಯಾಗಿ ಹೇಳಿದ: "ಕ್ಷಮಿಸಿ, ಸ್ನೇಹಿತರೇ. ದಯವಿಟ್ಟು ಮೊದಲಿನಿಂದ. ಅವರು ಕೈ ಎತ್ತುವವರೆಗೆ ಯಾರೂ ಅಲ್ಲಾಡಬೇಡಿ."

ಆಲ್ಮುಟ್ ಒಮ್ಮೆ ಒತ್ತಿದಳು, ಮುಳ್ಳು ಸೊನ್ನೆಗೆ ಬಂತು. ಮತ್ತೊಮ್ಮೆ ಒತ್ತಿದಳು, ಹೊರಟಿತು.

ಈ ಸಲ ಮೌನ ಸೊಗಸಾಗಿತ್ತು. ಒಂದು ಕೆಮ್ಮಿಲ್ಲ, ಕಾಲು ಸರಿಸಿದ ಸದ್ದಿಲ್ಲ. ಇಪ್ಪತ್ತು. ಮೂವತ್ತು. ಮುಳ್ಳು ನಲವತ್ತೊಂದನ್ನು ಮುಟ್ಟಿತು. ಅವಳ ಬಲಗೈ ಕೋಟಿನ ಪಕ್ಕದಲ್ಲೇ ಇತ್ತು.

ಐವತ್ತು. ಟೆರ್ಬೆಕ್‌ನ ಕಣ್ಣು ಅವಳ ಕಡೆಗೆ ಬಂತು, ಮೊದಲು ಕೇಳಿತು, ಆಮೇಲೆ ಬೇಡಿತು. ಡೆಟ್ಲೆಫ್‌ನ ಹಲ್ಲು ಕಟಕಟ ಎನ್ನುತ್ತಿದ್ದವು. ಮೇಯರು ಬರಿದಲೆಯ ಮೇಲಿನ ಹಿಮವನ್ನು ಒರೆಸಿಕೊಳ್ಳಲು ಕೈಯೆತ್ತಿ, ಹೆದರಿ, ಮತ್ತೆ ಇಳಿಸಿದ. ಸಲಿಕೆಯ ಹಿಡಿ ಬೆಳ್ಳಗಾಗುತ್ತಿತ್ತು. ಆಲ್ಮುಟ್ ಬಾಯಿ ಮುಚ್ಚಿಕೊಂಡು ನಿಂತಿದ್ದಳು. ಅವಳ ಅಂಗೈಯಲ್ಲಿ ಮುಳ್ಳು ಅರವತ್ತನ್ನು ದಾಟಿ ಎರಡನೇ ಸುತ್ತು ಹಿಡಿದಿತ್ತು.